ಡ್ರೈಯರ್‌ನ ಥರ್ಮಲ್ ಫ್ಯೂಸ್ ಎರಡು ಸಲ ಹೋಯಿತು

ಡ್ರೈಯರ್ ಚೆನ್ನಾಗಿಯೇ ತಿರುಗುತ್ತಿತ್ತು. ಒಂದು ಗಂಟೆ ಬಿಟ್ಟು ಬಾಗಿಲು ತೆಗೆದರೆ ಟವೆಲ್‌ಗಳು ಹಾಕಿದಾಗ ಇದ್ದಷ್ಟೇ ಒದ್ದೆ. ಒಳಗಿನ ಗಾಳಿಯೂ ತಣ್ಣಗಿತ್ತು.

ಕರೆಂಟ್‌ನಲ್ಲಿ ನಡೆಯುವ ಡ್ರೈಯರ್ ಹೀಗೆ ಬಿಸಿ ಕೊಡುವುದನ್ನು ನಿಲ್ಲಿಸಿದರೆ ಗಾಳಿಯನ್ನು ಕಾಯಿಸುವ ಕಾಯಿಲ್, ಬಿಸಿಯನ್ನು ಹದದಲ್ಲಿಡುವ ಥರ್ಮೋಸ್ಟಾಟ್, ಮಿತಿ ಮೀರಿ ಕಾದರೆ ಕರೆಂಟ್ ಕಡಿಯುವ ಥರ್ಮಲ್ ಫ್ಯೂಸ್ ಈ ಮೂರರ ಮೇಲೆ ಮೊದಲು ಅನುಮಾನ ಬರುತ್ತದೆ. ಕೆಲವು ಮಾಡೆಲ್‌ಗಳಲ್ಲಿ ಫ್ಯೂಸ್ ಹೋದರೆ ಡ್ರಮ್ಮೇ ತಿರುಗುವುದಿಲ್ಲ. ಪರೀಕ್ಷೆ ಮಾಡಲು ಸುಲಭ ಅಂತ ನಾನು ಫ್ಯೂಸ್‌ನಿಂದಲೇ ಶುರು ಮಾಡಿದೆ.

ಮೊದಲು ಪ್ಲಗ್ ಕಿತ್ತೆ. ಸ್ವಿಚ್ ಆಫ್ ಮಾಡಿದರೆ ಸಾಕು ಅಂದುಕೊಳ್ಳಬೇಡಿ, ಪ್ಲಗ್ಗನ್ನೇ ಕೀಳಬೇಕು. ತಗಡಿನ ಅಂಚು ಬ್ಲೇಡಿನ ಹಾಗಿರುತ್ತದೆ, ಕೈಗೆ ಗ್ಲೌಸ್ ಇರಲಿ. ನನ್ನ ಮಷೀನಿನಲ್ಲಿ ಹಿಂದಿನ ತಗಡು ಬಿಚ್ಚಿದ ಕೂಡಲೇ ಫ್ಯೂಸ್ ಕಂಡಿತು. ಗಾಳಿ ಹೊರಗೆ ಹೋಗುವ ದಾರಿಯಲ್ಲಿ, ಗಾಳಿ ತಳ್ಳುವ ಫ್ಯಾನಿನ (ಬ್ಲೋವರ್) ಕವಚದ ಮೇಲೆ, ಎರಡು ವೈರ್ ಸಿಕ್ಕಿಸಿದ ಬೆರಳುದ್ದದ ಬಿಳಿ ಪ್ಲಾಸ್ಟಿಕ್ ತುಂಡು. ಕೆಲವು ಮಷೀನ್‌ಗಳಲ್ಲಿ ಮುಂಭಾಗ ಬಿಚ್ಚಬೇಕಾಗುತ್ತದೆ. ಕಾಯಿಲ್ ಇರುವ ಪೆಟ್ಟಿಗೆಯ ಮೇಲೂ ಇಂಥದ್ದೇ ಇನ್ನೊಂದು ಇರಬಹುದು. ಅದು ಇನ್ನೂ ಜಾಸ್ತಿ ಬಿಸಿಯಲ್ಲಿ ಕಡಿಯುತ್ತದೆ, ಹಾಗಾಗಿ ಒಂದರ ಜಾಗಕ್ಕೆ ಇನ್ನೊಂದು ಆಗುವುದಿಲ್ಲ.

ವೈರ್‌ಗಳ ಫೋಟೋ ತೆಗೆದುಕೊಂಡು, ತುದಿಯ ಲೋಹವನ್ನು ಇಕ್ಕಳದಲ್ಲಿ ಹಿಡಿದು ಎರಡನ್ನೂ ಕಿತ್ತೆ. ವೈರ್ ಸಿಕ್ಕಿಸಿಕೊಂಡೇ ಅಳೆದರೆ ಮೀಟರ್‌ಗೆ ಬೇರೆ ದಾರಿಯಿಂದ ಸಂಪರ್ಕ ಸಿಕ್ಕು, ಹೋದ ಫ್ಯೂಸೂ ಸರಿ ಇದೆ ಅನ್ನಿಸಿಬಿಡಬಹುದು. ಮಲ್ಟಿಮೀಟರನ್ನು ಬೀಪ್ ಬರುವ ಕಡೆಗೆ ತಿರುಗಿಸಿ, ಎರಡು ಕಡ್ಡಿಗಳನ್ನು ಒಂದಕ್ಕೊಂದು ಮುಟ್ಟಿಸಿದೆ. ಬೀಪ್ ಅಂದಿತು, ಅಂದರೆ ಮೀಟರ್ ಸರಿ ಇದೆ. ಆಮೇಲೆ ಫ್ಯೂಸಿನ ಎರಡು ಕಾಲಿಗೆ ಹಿಡಿದೆ. ಸದ್ದಿಲ್ಲ. ಪರದೆಯ ಮೇಲಿನ ಓಎಲ್ ಹಾಗೇ ಇತ್ತು, ಅಂದರೆ ಒಳಗೆ ಸಂಪರ್ಕ ಕಡಿದಿದೆ. ಒಳ್ಳೆಯ ಫ್ಯೂಸ್ ಆಗಿದ್ದರೆ ಸುಮಾರು 0 ಓಮ್ ತೋರಿಸಬೇಕಿತ್ತು. ಹೊರಗೆ ನೋಡಿದರೆ ಮಾತ್ರ ಹೊಸದರಂತೆ ಹೊಳೆಯುತ್ತಿತ್ತು. ಕಣ್ಣಿಗೆ ಏನೂ ಗೊತ್ತಾಗಲ್ಲ, ಅಳೆದೇ ನೋಡಬೇಕು.

ಅದೇ ಪಾರ್ಟ್ ನಂಬರಿನ ಹೊಸ ಫ್ಯೂಸ್ ಹಾಕಿದೆ. ಬಿಸಿ ಬಂತು. ಅಲ್ಲಿಗೆ ಕೆಲಸ ಮುಗಿಯಿತು ಅಂತ ಮಷೀನನ್ನು ಗೋಡೆಗೆ ತಳ್ಳಿದೆ. ಮೂರು ವಾರಕ್ಕೆ ಮತ್ತೆ ತಣ್ಣಗೆ!

ಥರ್ಮೋಸ್ಟಾಟ್ ಬಿಸಿಯಾದಾಗ ಕಡಿದು, ತಣ್ಣಗಾದ ಮೇಲೆ ತಾನೇ ಸೇರಿಕೊಳ್ಳುತ್ತದೆ. ಥರ್ಮಲ್ ಫ್ಯೂಸ್ ಹಾಗಲ್ಲ, ಒಮ್ಮೆ ಕಡಿದರೆ ಮುಗಿಯಿತು. ಅದು ಎರಡು ಸಲ ಕಡಿದಿದೆ ಅಂದರೆ ಒಳಗೆ ಎರಡು ಸಲ ಮಿತಿ ಮೀರಿ ಕಾದಿದೆ ಅಂತಲೇ ಅರ್ಥ ಅಲ್ವಾ? ಈ ಪ್ರಶ್ನೆಯನ್ನು ಮೊದಲ ಸಲವೇ ಕೇಳಬೇಕಿತ್ತು.

ಗಾಳಿ ಹೋಗುವ ಪೈಪ್ ಬಿಚ್ಚಿದೆ. ಗೋಡೆಗೆ ಒತ್ತಿಕೊಂಡು ಅದು ಚಪ್ಪಟೆಯಾಗಿತ್ತು. ಬಾಗಿದ ಕಡೆಯಲ್ಲಿ ಬಟ್ಟೆಯ ಜುಂಗು ಕಂಬಳಿಯಷ್ಟು ದಪ್ಪಗೆ ಒತ್ತಿಕೊಂಡಿತ್ತು. ಹೊರಗೋಡೆಯ ಮುಚ್ಚಳವೂ ಜುಂಗು ಹಿಡಿದು ಪೂರ್ತಿ ತೆರೆಯುತ್ತಿರಲಿಲ್ಲ. ಬಿಸಿ ಗಾಳಿಗೆ ಹೊರಗೆ ಹೋಗಲು ದಾರಿಯೇ ಇರಲಿಲ್ಲ. ಎರಡೂ ಸಲ ಫ್ಯೂಸ್ ಹೋಗುವ ಮುಂಚೆ ಬಟ್ಟೆ ಒಣಗಲು ಜಾಸ್ತಿ ಹೊತ್ತು ಹಿಡಿಯುತ್ತಿತ್ತು, ಮಷೀನಿನ ಮೇಲ್ಭಾಗ ಕೈ ಇಡಲಾಗದಷ್ಟು ಬಿಸಿಯಾಗುತ್ತಿತ್ತು. ಅದನ್ನು ನೋಡಿಯೂ ಸುಮ್ನಿದ್ದೆ.

ಕಾಯಿಲನ್ನೂ ಅಳೆದೆ. ಅದರ ವೈರ್‌ಗಳನ್ನು ಕಿತ್ತು, ಒಂದು ಕಾಲಿಗೂ ಸುತ್ತಲಿನ ತಗಡಿಗೂ ಮೀಟರ್ ಹಿಡಿದೆ. ಬೀಪ್ ಬರಲಿಲ್ಲ, ಬರಲೂಬಾರದು. ಕಾಯಿಲ್ ತುಂಡಾಗಿ ತಗಡಿಗೆ ತಾಗಿದ್ದರೆ ಥರ್ಮೋಸ್ಟಾಟ್ ಕಡಿದ ಮೇಲೂ ಅದು ಕಾಯುತ್ತಲೇ ಇರಬಹುದು.

ಫ್ಯೂಸ್ ತೆಗೆದು ಎರಡು ವೈರ್ ಸೇರಿಸಿ ಓಡಿಸುವವರಿದ್ದಾರೆ. ದಯವಿಟ್ಟು ಒಂದು ಸಲವೂ ಹಾಗೆ ಮಾಡಬೇಡಿ. ಜುಂಗು ಕಿಡಿ ತಾಗಿದರೆ ಸಾಕು, ಹತ್ತಿಕೊಳ್ಳುತ್ತದೆ. ಪರೀಕ್ಷೆಗೆ ಮೀಟರ್ ಇದ್ದೇ ಇದೆ.

ಜುಂಗು ಹಿಡಿಯುವ ಜಾಲರಿಯ ಮೇಲೆ ನೀರು ಸುರಿದು ನೋಡಿದೆ. ನೀರು ಕೆಳಗಿಳಿಯದೆ ನಿಂತಿತು. ಬಟ್ಟೆ ಮೆತ್ತಗಾಗಲೆಂದು ಡ್ರೈಯರ್‌ಗೆ ಹಾಕುವ ಹಾಳೆಗಳ ಜಿಡ್ಡು ಅದು. ಸೋಪು ಹಾಕಿ ಬ್ರಷ್‌ನಲ್ಲಿ ಉಜ್ಜಿದ ಮೇಲೆ ನೀರು ಸರಾಗವಾಗಿ ಇಳಿಯಿತು.

ಚಪ್ಪಟೆಯಾಗದ ಗಟ್ಟಿ ಲೋಹದ ಪೈಪ್ ಹಾಕಿ, ಆಮೇಲೆಯೇ ಹೊಸ ಫ್ಯೂಸ್ ಕೂರಿಸಿದೆ. ಮಷೀನ್ ಓಡಿಸಿ ಹೊರಗೆ ಹೋಗಿ ಮುಚ್ಚಳದ ಮುಂದೆ ಕೈ ಹಿಡಿದೆ. ಬಿಸಿ ಗಾಳಿ ರಭಸವಾಗಿ ಬಂದು ಅಂಗೈಗೆ ಬಡಿಯಿತು. ಈಗಲೂ ತಿಂಗಳಿಗೊಮ್ಮೆ ಹಾಗೆ ಕೈ ಹಿಡಿದು ನೋಡುತ್ತೇನೆ. ಆ ಫ್ಯೂಸ್ ಇನ್ನೂ ಹೋಗಿಲ್ಲ.