ಮನೆತನದ ಟ್ರಸ್ಟ್ ಮುಗಿದ ಮೇಲೂ ಟ್ರಸ್ಟಿ ಬೇಕಾ? ಕೋರ್ಟಿಗೆ ಹೋಗುವ ಮುಂಚೆ ನೋಡಬೇಕಾದ್ದು

ತುಮಕೂರು ಕೋರ್ಟಿನಲ್ಲಿ ವಕೀಲರ ಗುಮಾಸ್ತನಾಗಿಯೇ ನನ್ನ ತಲೆ ಬೆಳ್ಳಗಾಯಿತು. ಮನೆತನದ ಟ್ರಸ್ಟಿನ ಜಗಳ ಹಿಡಿದು ಬರುವವರು ಕೂತ ಕೂಡಲೇ ಹೇಳುವುದು, "ಸಾರ್, ನನ್ನನ್ನ ಟ್ರಸ್ಟಿ ಮಾಡಿಸಿಕೊಡಿ". ನಾನು ಕೇಳುವುದು: ಟ್ರಸ್ಟೇ ಮುಗಿದಿದ್ದರೆ, ಅದರ ಆಸ್ತಿ ನೋಡಿಕೊಳ್ಳುವ ಟ್ರಸ್ಟಿಗೆ ಏನು ಕೆಲಸ ಉಳಿದಿದೆ?

ಗುಬ್ಬಿ ಕಡೆಯ ಒಂದು ಮನೆ. ಅಜ್ಜ ತೆಂಗಿನ ತೋಟವನ್ನು ಟ್ರಸ್ಟ್‌ಗೆ ಬರೆದಿದ್ದರು. ಕಿರಿಯ ಮೊಮ್ಮಗಳಿಗೆ 21 ತುಂಬುವ ತನಕ ಟ್ರಸ್ಟ್, ಆಮೇಲೆ ಮೊಮ್ಮಕ್ಕಳಿಗೆಲ್ಲ ಸಮಪಾಲು. ದೊಡ್ಡಪ್ಪ, ಸೋದರಮಾವ ಇಬ್ಬರೇ ಟ್ರಸ್ಟಿಗಳು. ಮಾವ ಮೊದಲೇ ತೀರಿಕೊಂಡರು. ಹುಡುಗಿಗೆ 21 ಆಯಿತು, ಪಾಲು ಬರೆದುಕೊಡುವ ಮುಂಚೆ ದೊಡ್ಡಪ್ಪನೂ ಹೋದರು. ಪಹಣಿಯಲ್ಲಿ ಅವರ ಹೆಸರೇ ಕೂತಿದೆ. ತಿಪಟೂರು ಮಂಡಿಯ ಕೊಬ್ಬರಿ ದುಡ್ಡು ಬ್ಯಾಂಕಿನಲ್ಲಿದೆ, ತೆಗೆಯಲು ಸಹಿ ಹಾಕುವವರಿಲ್ಲ. ದೊಡ್ಡಪ್ಪನ ಮಗ ಮಾತ್ರ "ಅಪ್ಪನ ಜಾಗ ನಂದೇ" ಅಂತ ಹಟ ಹಿಡಿದ.

ಅದು ತಪ್ಪು. ಟ್ರಸ್ಟಿಯ ಜಾಗ ವಾರಸಾಗಿ ಬರುವುದಿಲ್ಲ. ಆದರೆ ಅವನ ಮಾತಿನಲ್ಲಿ ಒಂದು ಎಳೆ ನಿಜ. 1882ರ ಭಾರತೀಯ ನ್ಯಾಸ ಕಾಯ್ದೆಯ 73ನೇ ಕಲಂ ಪ್ರಕಾರ ಹೊಸ ಟ್ರಸ್ಟಿಯನ್ನು ನೇಮಿಸುವ ಅಧಿಕಾರ ಮೊದಲು ಟ್ರಸ್ಟ್ ಪತ್ರದಲ್ಲಿ ಹೆಸರಿಸಿದವರಿಗೆ. ಅಂಥವರಿಲ್ಲದಿದ್ದರೆ ಟ್ರಸ್ಟ್ ಮಾಡಿದವರಿಗೆ, ಅವರೂ ಇಲ್ಲದಿದ್ದರೆ ಉಳಿದ ಟ್ರಸ್ಟಿಗೆ. ಯಾರೂ ಉಳಿಯದಿದ್ದರೆ ಕೊನೆಯ ಟ್ರಸ್ಟಿಯ ವಾರಸುದಾರರಿಗೆ, ಅಂದರೆ ಇಲ್ಲಿ ದೊಡ್ಡಪ್ಪನ ಮಗನಂಥವರಿಗೆ. ನೇಮಕ ಬರವಣಿಗೆಯಲ್ಲಿ, ಸಹಿ ಹಾಕಿ ಆಗಬೇಕು. ಬಾಯಿಮಾತು ಸಾಲದು.

ಆದ್ದರಿಂದ ಮೊದಲ ಕೆಲಸ ಸಬ್ ರಿಜಿಸ್ಟ್ರಾರ್ ಕಚೇರಿಯಿಂದ ಟ್ರಸ್ಟ್ ಪತ್ರದ ದೃಢೀಕೃತ ನಕಲು ತೆಗೆಸುವುದು. ಮನೆಯ ಜೆರಾಕ್ಸ್ ನಂಬಬೇಡಿ, ಕೊನೆಯ ಪುಟವೇ ಇರುವುದಿಲ್ಲ. ಟ್ರಸ್ಟ್ ಯಾವಾಗ ಮುಗಿಯುತ್ತದೆ, ಟ್ರಸ್ಟಿಯನ್ನು ಯಾರು ನೇಮಿಸಬೇಕು, ಉಳಿದ ಆಸ್ತಿ ಯಾರಿಗೆ, ಇಷ್ಟನ್ನು ಪೆನ್ಸಿಲ್‌ನಲ್ಲಿ ಗುರುತು ಮಾಡಿ. ಉದ್ದೇಶ ಮುಗಿದ ಮೇಲೂ ಆಸ್ತಿ ಉಳಿದು, ಪತ್ರದಲ್ಲಿ ಏನೂ ಹೇಳಿರದಿದ್ದರೆ, 83ನೇ ಕಲಂ ಪ್ರಕಾರ ಅದು ಟ್ರಸ್ಟ್ ಮಾಡಿದವರಿಗೆ ಅಥವಾ ಅವರ ವಾರಸುದಾರರಿಗೆ ಸೇರುತ್ತದೆ. ಆಗ ಜಗಳದ ರೂಪವೇ ಬದಲಾಗುತ್ತದೆ.

ಟ್ರಸ್ಟಿ ಬದುಕಿದ್ದು, ಫಲಾನುಭವಿಗಳೆಲ್ಲ (ಟ್ರಸ್ಟಿನ ಲಾಭ ಸಿಗಬೇಕಾದವರು) ವಯಸ್ಕರಾಗಿ ಒಪ್ಪಿದ್ದರೆ ಹೊಸ ಟ್ರಸ್ಟಿಯ ಮಾತೇ ಬೇಡ. ಆಸ್ತಿ ನಮಗೆ ಬರೆದುಕೊಡಿ ಅಂತ 56ನೇ ಕಲಂ ಅಡಿ ನೇರವಾಗಿ ಕೇಳಬಹುದು.

ಟ್ರಸ್ಟಿಯೇ ಇಲ್ಲ, 73ರ ದಾರಿಯೂ ಸಾಗುತ್ತಿಲ್ಲ ಅಂದಾಗ 74ನೇ ಕಲಂ. ಫಲಾನುಭವಿ ದಾವೆ ಹೂಡದೆ ಬರೀ ಅರ್ಜಿ ಹಾಕಿ, ಟ್ರಸ್ಟಿಯನ್ನು ನೇಮಿಸಿ ಅಂತ ಕೋರ್ಟನ್ನು ಕೇಳಬಹುದು. ನಮ್ಮಲ್ಲಿ ಅದು ಜಿಲ್ಲಾ ನ್ಯಾಯಾಲಯದ ಕೆಲಸ. ಮರಣ ಪತ್ರಗಳು, ವಂಶವೃಕ್ಷ, ಪಹಣಿ, ಇಸಿ (ಋಣಭಾರ ಪ್ರಮಾಣಪತ್ರ), ಬ್ಯಾಂಕ್ ಪಾಸ್ ಪುಸ್ತಕ ಇಟ್ಟುಕೊಳ್ಳಿ. ಕೊನೆಯ ಟ್ರಸ್ಟಿಯ ವಾರಸುದಾರರಿಗೆ ನೋಟಿಸ್ ಕೊಟ್ಟು, ಅವರು ನೇಮಿಸಲಿಲ್ಲ ಅನ್ನುವುದಕ್ಕೆ ಅಂಚೆ ರಸೀದಿಯೂ ಇರಲಿ. ಇದಿಲ್ಲದೆ ಬಂದರೆ "73 ಯಾಕೆ ಸಾಗಲಿಲ್ಲ?" ಅನ್ನುವ ಪ್ರಶ್ನೆಗೆ ಉತ್ತರವಿರುವುದಿಲ್ಲ.

ಜಾಸ್ತಿ ಜನ ಎಡವುವುದು ಬೇಡಿಕೆ ಬರೆಯುವಾಗ. "ಟ್ರಸ್ಟ್ ಆಡಳಿತಕ್ಕೆ ಟ್ರಸ್ಟಿ ನೇಮಿಸಿ" ಅಂತ ಬರೆದರೆ ಎದುರು ಪಕ್ಷದವರು "ಟ್ರಸ್ಟ್ ಮುಗಿದಿದೆ" ಅನ್ನುತ್ತಾರೆ. ಲೆಕ್ಕ ಒಪ್ಪಿಸಿ, ಖಾತೆಯ ಹಣ ಹಂಚಿ, ತೋಟ ಬರೆದುಕೊಡುವಷ್ಟಕ್ಕೆ ಅಂತ ಕೇಳಿ. ಹೆಸರೂ ನೀವೇ ಸೂಚಿಸಿ. ಫಲಾನುಭವಿಗಳ ಹಿತಕ್ಕೆ ವಿರುದ್ಧವಾದ ಹಿತ ಇರುವವರು ತಕ್ಕ ಟ್ರಸ್ಟಿಯಲ್ಲ ಅನ್ನುತ್ತದೆ 60ನೇ ಕಲಂ. ಹಾಗಾಗಿ ಸುಮ್ನೆ ನಿಮ್ಮ ಹೆಸರು ತುರುಕಬೇಡಿ. ಗುಬ್ಬಿಯವರಿಗೆ ನಾನು ಹೇಳಿದ್ದು, "ಪಾಲಿಲ್ಲದ ಅತ್ತೆಯ ಹೆಸರು ಹಾಕಿ". ದೊಡ್ಡಪ್ಪನ ಮಗನೂ ಆಕೆಯ ಮುಂದೆ ಗೊಣಗಲಿಲ್ಲ.

ತೋಟ ಟ್ರಸ್ಟಿನದ್ದೇ ಅಲ್ಲ ಅಂತ ಯಾರಾದರೂ ತಕರಾರು ತೆಗೆದರೆ ಅರ್ಜಿಯಲ್ಲಿ ಮುಗಿಯುವುದು ಕಷ್ಟ, ದಾವೆಗೆ ಸಿದ್ಧರಾಗಿ. ನಿಮಗೆ ತಿಳಿಯದಂತೆ ಎದುರು ಪಕ್ಷದವರೇ ಮೊದಲು ಆದೇಶ ತರಬಹುದು ಅನ್ನಿಸಿದರೆ ಕೇವಿಯಟ್ (ನಮ್ಮ ಮಾತು ಕೇಳದೆ ಆದೇಶ ಕೊಡಬೇಡಿ ಅಂತ ಕೋರ್ಟಿಗೆ ಮೊದಲೇ ಕೊಡುವ ಅರ್ಜಿ) ಹಾಕಿ. ಅದು 90 ದಿನ ನಡೆಯುತ್ತದೆ. ದೇವಸ್ಥಾನ, ಛತ್ರದಂಥ ಧರ್ಮದ ಟ್ರಸ್ಟ್‌ಗೆ ಈ ಕಾಯ್ದೆ ಹಿಡಿಯುವುದಿಲ್ಲ, ಆ ದಾರಿ ಬೇರೆ.

ಆದೇಶ ಬಂದ ಮೇಲೆ ದೃಢೀಕೃತ ನಕಲು ನಾಲ್ಕೈದು ತೆಗೆಸಿ. ಒಂದು ಬ್ಯಾಂಕಿಗೆ, ಒಂದು ನೋಂದಣಿಗೆ. ತೋಟ ಬರೆದುಕೊಟ್ಟ ಪತ್ರ ನೋಂದಣಿಯಾದ ಮೇಲೆ ಮ್ಯುಟೇಷನ್ (ಪಹಣಿಯಲ್ಲಿ ಹೆಸರು ಬದಲಾವಣೆ) ಬೆನ್ನು ಹತ್ತಿ.