ಮದ್ರಾಸಿನ ಕೈಗಾರಿಕಾ ಇಲಾಖೆಯ ಚರಿತ್ರೆಯನ್ನು ಕಾಸರಗೋಡಿನಲ್ಲಿ ಕುಳಿತು ಬರೆಯುವ ಬಗೆ

ಕಾಸರಗೋಡಿನ ಕನ್ನಡಿಗರು ಕೈಗಾರಿಕೆಯ ಚರಿತ್ರೆ ಬರೆಯಲು ಹೊರಟಾಗ ಮೈಸೂರು ಸಂಸ್ಥಾನದ ಕಥೆಯತ್ತ ಮನಸ್ಸು ಹೋಗುವುದು ಸಹಜ. ಆದರೆ ರಾಜ್ಯ ಪುನರ್ವಿಂಗಡಣೆಯಾದ 1956ರ ನವೆಂಬರ್ 1ರವರೆಗೆ ನಮ್ಮ ತಾಲೂಕು ದಕ್ಷಿಣ ಕನ್ನಡ ಜಿಲ್ಲೆಯ ಭಾಗವಾಗಿ ಮದ್ರಾಸಿನ ಆಡಳಿತಕ್ಕೆ ಸೇರಿತ್ತು. ಆದುದರಿಂದ ನಾವು ಮೊದಲು ತಿಳಿಯಬೇಕಾದುದು ಮದ್ರಾಸಿನ ಕೈಗಾರಿಕಾ ಇಲಾಖೆಯ ಚರಿತ್ರೆಯನ್ನು.

ಕಡತಗಳಿಗೆ ಕೈಹಾಕುವ ಮುನ್ನ ಆಡಳಿತದ ಗಡಿಗಳು ಯಾವ ವರ್ಷ ಹೇಗೆ ಬದಲಾದವೆಂಬುದನ್ನು ಒಂದು ಹಾಳೆಯಲ್ಲಿ ಬರೆದಿಟ್ಟುಕೊಳ್ಳಿ. ಕೇರಳಕ್ಕೆ ಸೇರಿದ ಬಳಿಕ ಹೊಸದುರ್ಗ ಪ್ರತ್ಯೇಕ ತಾಲೂಕಾಯಿತು. ಅದಕ್ಕೂ ಹಿಂದಿನ ಕಾಲದ ನೀಲೇಶ್ವರ, ಕಾಞಂಗಾಡುಗಳ ವಿಚಾರವನ್ನು ಕಾಸರಗೋಡು ತಾಲೂಕಿನ ಹೆಸರಿನಲ್ಲಿಯೇ ಹುಡುಕಬೇಕು. 1957ರಿಂದ ಕಣ್ಣೂರು ಜಿಲ್ಲೆಯಲ್ಲಿದ್ದ ಈ ಪ್ರದೇಶ 1984ರ ಮೇ 24ರಂದು ತಾನೇ ಜಿಲ್ಲೆಯಾಯಿತು.

ಬಳಿಕ ಇಲಾಖೆಯ ಹುಟ್ಟಿಗೆ ಬನ್ನಿ. ಇಲ್ಲಿ ಅವಸರ ಮಾಡಬೇಡಿ, ಏಕೆಂದರೆ ಈ ಚರಿತ್ರೆಯ ತಿರುಳು ಇರುವುದು ಇಲ್ಲಿಯೇ. ಮದ್ರಾಸಿನ ಇಂಜಿನಿಯರಿಂಗ್ ಕಾಲೇಜಿನಲ್ಲಿ ಪ್ರಾಧ್ಯಾಪಕರಾಗಿದ್ದ ಆಲ್ಫ್ರೆಡ್ ಚಾಟರ್ಟನ್ 1898ರಲ್ಲಿ ಅಲ್ಲಿನ ಕಲಾಶಾಲೆಯಲ್ಲಿ ಅಲ್ಯುಮಿನಿಯಂ ಪಾತ್ರೆಗಳ ತಯಾರಿಕೆಯನ್ನು ಆರಂಭಿಸಿದರು. ಮುಂದೆ ಕ್ರೋಮ್ ವಿಧಾನದ ಚರ್ಮ ಹದಮಾಡುವಿಕೆಯನ್ನೂ ಸರಕಾರದ ಹಣದಿಂದಲೇ ಪರೀಕ್ಷಿಸಿದರು. 1908ರಲ್ಲಿ ಉದಕಮಂಡಲದಲ್ಲಿ ನಡೆದ ಕೈಗಾರಿಕಾ ಸಮ್ಮೇಳನದ ಬೆನ್ನಿಗೆ ಇಲಾಖೆ ರೂಪುಗೊಂಡಿತು. ಸರಕಾರವೇ ಕಾರ್ಖಾನೆ ನಡೆಸಿದರೆ ತಮಗೆ ಪೈಪೋಟಿಯಾಗುತ್ತದೆಂದು ಮದ್ರಾಸಿನ ಐರೋಪ್ಯ ವರ್ತಕರು ಆಕ್ಷೇಪಿಸಿದರು. ಸಾರ್ವಜನಿಕ ಹಣವನ್ನು ಕೈಗಾರಿಕಾ ಶಿಕ್ಷಣಕ್ಕೆ ಬಳಸಬಹುದೇ ಹೊರತು ವ್ಯಾಪಾರಕ್ಕಲ್ಲ ಎಂಬ ನಿಲುವಿನಿಂದ ಬ್ರಿಟಿಷ್ ಸರಕಾರದಲ್ಲಿ ಭಾರತದ ಹೊಣೆ ಹೊತ್ತಿದ್ದ ಭಾರತ ಮಂತ್ರಿ ಲಾರ್ಡ್ ಮಾರ್ಲೆ 1910ರಲ್ಲಿ ಇಲಾಖೆಗೆ ಒಪ್ಪಿಗೆ ನಿರಾಕರಿಸಿದರು. ಚಾಟರ್ಟನ್ 1912ರಲ್ಲಿ ಮೈಸೂರಿಗೆ ಹೋದರು. ಮದ್ರಾಸಿನ ಇಲಾಖೆ 1914ರಲ್ಲಿ ಮತ್ತೆ ತಲೆಯೆತ್ತಿತು. ಮೈಸೂರಿನ ಕೈಗಾರಿಕಾ ಚರಿತ್ರೆಗೂ ನಮ್ಮದಕ್ಕೂ ಇರುವ ನಿಜವಾದ ಕೊಂಡಿ ಚಾಟರ್ಟನ್ನರ ಈ ವಲಸೆಯೇ ಎಂಬುದು ನನ್ನ ಅಭಿಪ್ರಾಯ.

ಮುಂದಿನ ಭಾಗವನ್ನು ಚುಟುಕಾಗಿ ಬರೆದರೆ ಸಾಕು. 1916ರಿಂದ 1918ರವರೆಗೆ ಥಾಮಸ್ ಹಾಲೆಂಡ್ ಅಧ್ಯಕ್ಷತೆಯ ಆಯೋಗ ದೇಶದ ಕೈಗಾರಿಕೆಯನ್ನು ಪರಿಶೀಲಿಸಿತು. 1919ರ ಆಡಳಿತ ಸುಧಾರಣೆಯಿಂದ ಕೈಗಾರಿಕೆಯ ಅಭಿವೃದ್ಧಿ ಪ್ರಾಂತದ ಮಂತ್ರಿಗಳ ಕೈಸೇರಿತು. ಉದ್ಯಮಗಳಿಗೆ ಸರಕಾರದಿಂದ ಸಾಲ ಮತ್ತು ನೆರವು ಕೊಡಲು ಅವಕಾಶ ಮಾಡಿದ 1922ರ ಕಾಯಿದೆ ಇದರ ಫಲ.

ಸಿಕ್ಕಿದ ಸರಕಾರಿ ಉದ್ಯಮವೆಲ್ಲವೂ ಈ ಇಲಾಖೆಯದೆಂದು ಬರೆದುಬಿಡಬಾರದು. ಕಾಸರಗೋಡಿನಲ್ಲಿ 1916ರಲ್ಲಿ ಆರಂಭವಾದ, ಇಂದು ಕೇಂದ್ರ ತೋಟದ ಬೆಳೆಗಳ ಸಂಶೋಧನಾ ಸಂಸ್ಥೆಯಾಗಿರುವ ತೆಂಗಿನ ಸಂಶೋಧನಾ ಕೇಂದ್ರ ಮದ್ರಾಸಿನ ಕೃಷಿ ಇಲಾಖೆಯದು. ಕೋಝಿಕ್ಕೋಡಿನ ಸಾಬೂನು ಸಂಸ್ಥೆ ಹುಟ್ಟಿದ್ದು ಮೀನುಗಾರಿಕಾ ಇಲಾಖೆಯ ಆಸರೆಯಲ್ಲಿ. ಮಂಗಳೂರಿನ ಹೆಂಚಿನ ಕಾರ್ಖಾನೆಯನ್ನು 1865ರಲ್ಲಿ ಆರಂಭಿಸಿದ ಕ್ರೈಸ್ತ ಧರ್ಮಪ್ರಚಾರಕ ಸಂಸ್ಥೆ ಬಾಸೆಲ್ ಮಿಶನ್ ಅಂತೂ ಸರಕಾರದ್ದೇ ಅಲ್ಲ. ಆದೇಶ ಹೊರಡಿಸಿದವರು ಯಾರು, ಹಣ ಬಂದದ್ದು ಯಾವ ಬಾಬಿನಿಂದ ಎಂಬ ಎರಡು ಪ್ರಶ್ನೆಗಳನ್ನು ಪ್ರತಿ ಕಾಗದಕ್ಕೂ ಕೇಳಿರಿ.

ಹಳೆಯ ಕಡತಗಳಿಗಾಗಿ ಚೆನ್ನೈಯ ಎಗ್ಮೋರಿನಲ್ಲಿರುವ ತಮಿಳುನಾಡು ಪತ್ರಾಗಾರಕ್ಕೆ ಹೋಗಬೇಕು. ಅಲ್ಲಿ ವಿಷಯದ ಹೆಸರಿಗಿಂತ ಸರಕಾರಿ ಆದೇಶದ ಸಂಖ್ಯೆ, ದಿನಾಂಕಗಳು ಹೆಚ್ಚು ಉಪಯೋಗಕ್ಕೆ ಬರುವುದರಿಂದ ವಾರ್ಷಿಕ ಆಡಳಿತ ವರದಿಗಳನ್ನು ಮೊದಲೇ ಓದಿ, ಅವುಗಳಲ್ಲಿ ಉಲ್ಲೇಖಗೊಂಡ ಆದೇಶಗಳ ಪಟ್ಟಿ ಮಾಡಿಕೊಂಡೇ ಹೊರಡಿ. ವರದಿಯೊಂದನ್ನೇ ನಂಬಿ ಬರೆಯಬೇಡಿ. ಅದು ಇಲಾಖೆ ತನ್ನ ಬಗ್ಗೆ ತಾನೇ ಹೇಳಿಕೊಂಡ ಮಾತು. ಶಾಸನ ಸಭೆಯ ಚರ್ಚೆಗಳನ್ನು ಅದರ ಜೊತೆಗಿಟ್ಟು ಓದಿದಾಗ ಇಲಾಖೆಯ ವೆಚ್ಚವನ್ನು ಪ್ರಶ್ನಿಸಿದವರ ದನಿಯೂ ಕೇಳಿಸುತ್ತದೆ. ಊರಿನಲ್ಲಿ ಹಿರಿಯ ನೇಕಾರರಿದ್ದರೆ ನೂಲು ಎಲ್ಲಿಂದ ಬರುತ್ತಿತ್ತು, ಸೀರೆ ಯಾರಿಗೆ ಮಾರುತ್ತಿದ್ದರು ಎಂಬುದನ್ನು ಅವರ ಮಾತಿನಲ್ಲಿಯೇ ಬರೆದುಕೊಳ್ಳಿ. ಕಾಸರಗೋಡು ಸೀರೆಯ ಈ ವಿವರಗಳನ್ನು ಕಾಗದದಿಂದ ಮಾತ್ರ ತುಂಬಿಕೊಳ್ಳಲಾಗದು.

1956ರ ನಂತರದ ಅವಧಿಗೆ ಕೇರಳದ ಕೈಗಾರಿಕಾ ಇಲಾಖೆಯನ್ನೇ ಕೇಳಬೇಕು. ಅರ್ಜಿಯನ್ನು ಕನ್ನಡದಲ್ಲಿ ಬರೆಯಲು ಹಿಂಜರಿಯಬೇಡಿ. ಕೇರಳದ 1969ರ ಅಧಿಕೃತ ಭಾಷಾ ಕಾಯಿದೆಯಂತೆ ಇಲ್ಲಿನ ಕನ್ನಡ ಅಲ್ಪಸಂಖ್ಯಾತರು ಸೆಕ್ರೆಟರಿಯೇಟ್, ಇಲಾಖಾ ಮುಖ್ಯಸ್ಥರು ಹಾಗೂ ಕನ್ನಡ ಪ್ರದೇಶದ ಸ್ಥಳೀಯ ಸರಕಾರಿ ಕಚೇರಿಗಳೊಂದಿಗೆ ಕನ್ನಡದಲ್ಲಿ ಪತ್ರವ್ಯವಹಾರ ನಡೆಸಬಹುದು. ಉತ್ತರವೂ ಕನ್ನಡದಲ್ಲಿಯೇ ಬರಬೇಕು. ಯಾವ ವರ್ಷದ, ಯಾವ ವಿಷಯದ ಕಡತ ಬೇಕೆಂಬುದನ್ನು ಅರ್ಜಿಯಲ್ಲಿ ಸ್ಪಷ್ಟವಾಗಿ ಬರೆದು, ಅದರ ಒಂದು ಪ್ರತಿಯನ್ನು ಸ್ವೀಕೃತಿಯ ಮುದ್ರೆಯೊಂದಿಗೆ ನಿಮ್ಮಲ್ಲಿಟ್ಟುಕೊಳ್ಳಿ.