ನಾಸ್ಕಾರ್ ಚಾಂಪಿಯನ್ನರನ್ನು ಹೋಲಿಸುವುದು ಹೇಗೆ?

ಅಮೆರಿಕದ ಕಾರ್ ರೇಸ್ ಸರಣಿ ನಾಸ್ಕಾರ್‌ನಲ್ಲಿ ಚಾಲಕರಾದ ರಿಚರ್ಡ್ ಪೆಟ್ಟಿ, ಡೇಲ್ ಅರ್ನ್‌ಹಾರ್ಟ್, ಜಿಮ್ಮಿ ಜಾನ್ಸನ್ ಮೂವರಿಗೂ ತಲಾ 7 ಪ್ರಶಸ್ತಿ, ಅಂದರೆ ವರ್ಷಕ್ಕೊಬ್ಬರಿಗೆ ಪಾಯಿಂಟ್ ಲೆಕ್ಕದಲ್ಲಿ ಸಿಗುವ ಚಾಂಪಿಯನ್ ಪಟ್ಟ. ಗೆದ್ದ ರೇಸ್‌ಗಳು ಮಾತ್ರ ಕ್ರಮವಾಗಿ 200, 76, 83. ಇಷ್ಟು ನೋಡಿ ತೀರ್ಪು ಕೊಟ್ಟರೆ ಎಡವುತ್ತೀರಿ.

ಮೊದಲು 1972ಕ್ಕೆ ಒಂದು ಗೆರೆ ಎಳೆಯಿರಿ. 1971ರಲ್ಲಿ 48 ರೇಸ್ ಇದ್ದವು, ಮರುವರ್ಷ 31ಕ್ಕೆ ಇಳಿದವು. ಅದಕ್ಕೂ ಹಿಂದೆ ಪುಟ್ಟ ಮಣ್ಣಿನ ಟ್ರ್ಯಾಕ್‌ಗಳಲ್ಲಿ ನಡೆದ 100 ಮೈಲಿಯ ಓಟಗಳೂ ಲೆಕ್ಕಕ್ಕೆ ಬರುತ್ತಿದ್ದವು. ಪೆಟ್ಟಿಯ 200ರಲ್ಲಿ 140 ಈ ಗೆರೆಗಿಂತ ಹಿಂದಿನವು.

ಆಮೇಲೆ ಗೆಲುವುಗಳನ್ನು ಓಡಿದ ರೇಸ್‌ಗಳಿಂದ ಭಾಗಿಸಿ. ಡೇವಿಡ್ ಪಿಯರ್ಸನ್ 574ರಲ್ಲಿ 105 ಗೆದ್ದರು, ಅಂದರೆ ಶೇ. 18ಕ್ಕೂ ಮೇಲೆ, ಪೆಟ್ಟಿಯದು ಶೇ. 17ರ ಆಸುಪಾಸು. ಪಿಯರ್ಸನ್‌ಗೆ ಪ್ರಶಸ್ತಿ ಮೂರೇ ಏಕೆ? ಹಲವು ವರ್ಷ ಪೂರ್ತಿ ಸೀಸನ್ ಓಡಲೇ ಇಲ್ಲ. 1973ರಲ್ಲಿ 18 ರೇಸ್ ಓಡಿ 11 ಗೆದ್ದರೂ, ಉಳಿದವುಗಳ ಪಾಯಿಂಟ್ ಇಲ್ಲದೆ ಚಾಂಪಿಯನ್ ಆಗಲಿಲ್ಲ. ನನ್ನ ಕೇಳಿದರೆ ಆ ಸೀಸನ್ ಕೆಲವು ಪ್ರಶಸ್ತಿಗಳಿಗಿಂತ ತೂಕದ್ದು.

ಕೊನೆಗೆ ಆಯಾ ವರ್ಷದ ಪಾಯಿಂಟ್ ನಿಯಮ ನೋಡಿ. ಹಳೆಯ ಪದ್ಧತಿ ಪ್ರತಿ ವಾರ ಮುಂದಿನ ಸಾಲಲ್ಲಿ ಮುಗಿಸುವವರಿಗೆ ಒಲಿಯುತ್ತಿತ್ತು: 1985ರಲ್ಲಿ 11 ಗೆದ್ದ ಬಿಲ್ ಎಲಿಯಟ್ ಸೋತರು, 3 ಗೆದ್ದ ಡ್ಯಾರೆಲ್ ವಾಲ್ಟ್ರಿಪ್ ಚಾಂಪಿಯನ್. 2003ರಲ್ಲಿ ಮ್ಯಾಟ್ ಕೆನ್ಸೆತ್‌ಗೆ ಒಂದೇ ಗೆಲುವು ಸಾಕಾಯಿತು. 2004ರಿಂದ ಕೊನೆಯ 10 ರೇಸ್‌ಗಳೇ ಹಣೆಬರಹ ಬರೆದವು. ಜಾನ್ಸನ್‌ರ ಏಳೂ ಪ್ರಶಸ್ತಿಗಳು ಆ ನಂತರದವು.